ಹುಗ್ಗಿಯ ತಾರೀಖು

ಮೈಲೂರ, ಬೀದರ
೧೮ ಮೇ ೨೦೨೬, ಸೋಮವಾರ

ಪ್ರೀತಿಯ ಅಶ್ವಜಿತ,

ನಿನ್ನ ಆಯಿ ಗಿರಿಜಾಬಾಯಿಯ ಜೈ ಭೀಮ ಮತ್ತು ಆಶೀರ್ವಾದ. ಬರೆಯುತ್ತಿರುವವಳು ಯಾರೆಂದು ಮೊಮ್ಮಗನಿಗೆ ಹೇಳಬೇಕಾಗಿಲ್ಲ. ಆದರೂ ಮೊದಲು ಅದನ್ನೇ ಬರೆಯುತ್ತೇನೆ, ಏಕೆಂದರೆ ಈ ಪತ್ರದ ವಿಷಯ ಅದಕ್ಕೇ ಅಂಟಿಕೊಂಡಿದೆ. ನಮ್ಮ ಮನೆತನದಲ್ಲಿ ಹತ್ತನೆಯ ಇಯತ್ತೆ ಪಾಸಾದ ಮೊದಲ ಹೆಣ್ಣು ನಾನು. ನಿನ್ನ ಅಜ್ಜ ಹೋದ ಮೇಲೆ ಮೂರು ಮಕ್ಕಳನ್ನು ಓದಿಸಿದವಳು. ಬುದ್ಧ ವಿಹಾರದ ಮಹಿಳಾ ಮಂಡಳಿಗೆ ಇಪ್ಪತ್ತೆರಡು ವರ್ಷದಿಂದ ಅಧ್ಯಕ್ಷೆ. ನಮ್ಮ ಮೂರು ಗಲ್ಲಿಗಳಲ್ಲಿ ಮಗುವನ್ನು ಶಾಲೆಗೆ ಹಾಕುವುದಿರಲಿ, ಅತ್ತೆ ಸೊಸೆಯರ ಜಗಳ ಬಿಡಿಸುವುದಿರಲಿ, ಜನ ಮೊದಲು ನನ್ನ ಕಟ್ಟೆಗೆ ಬರುತ್ತಾರೆ. ನನ್ನ ಮಾತಿಗೆ ಎದುರು ಮಾತು ಆಡಿದವರು ಕಡಿಮೆ. ಆ ಕಡಿಮೆ ಜನರಲ್ಲಿ ನೀನು ಒಮ್ಮೆಯಾದರೂ ಇರಬೇಕಿತ್ತು.

ನಿನ್ನ ಎಡ ಮೊಣಕಾಲು ಹೇಗಿದೆ? ಆಟ ಮುಗಿದ ಮೇಲೆ ಮಂಜುಗಡ್ಡೆ ಇಟ್ಟುಕೊಂಡು ಕೂತ ನಿನ್ನ ಫೋಟೋವನ್ನು ನಿಮ್ಮ ಅವ್ವ ಮಹಾಮಾಯಾ ತೋರಿಸಿದಳು. ಮಂಜುಗಡ್ಡೆ ಇಟ್ಟದ್ದು ಸರಿ, ರಾತ್ರಿ ಬಿಸಿ ಎಣ್ಣೆಯನ್ನೂ ಹಚ್ಚು. ಗೋವಾದಲ್ಲಿ ಜೋಳದ ರೊಟ್ಟಿ ಸಿಗುವುದಿಲ್ಲ ಎಂದು ಹದಿನಾರು ವರ್ಷದಿಂದ ಹೇಳುತ್ತಿದ್ದೀ, ಆದರೂ ಆ ಊರು ಬಿಟ್ಟಿಲ್ಲ. ಇಲ್ಲಿ ಬಿಸಿಲು ಕಲ್ಲು ಒಡೆಯುವಂತಿದೆ. ನಾನು ಗಟ್ಟಿ ಇದ್ದೇನೆ. ಮಹಾಮಾಯಾ ಶೇಂಗಾ ಹಿಂಡಿ ಕುಟ್ಟಿ ಡಬ್ಬಿಗೆ ತುಂಬಿದ್ದಾಳೆ, ಬರುವವರ ಕೈಯಲ್ಲಿ ಕಳಿಸುತ್ತಾಳಂತೆ. ಫೋನು ಬಿಟ್ಟು ಕಾಗದ ಯಾಕೆ ಎಂದು ಕೇಳಬೇಡ. ಫೋನಿನಲ್ಲಿ ನೀನು ನಡುವೆ ಬಾಯಿ ಹಾಕಿ "ಇರ್ಲಿ ಬಿಡು ಆಯಿ" ಎನ್ನುತ್ತೀ. ಕಾಗದಕ್ಕೆ ಹಾಗೆ ಅನ್ನಲು ಬರುವುದಿಲ್ಲ.

ನಿನ್ನ ಫುಟ್‌ಬಾಲ್ ಆಟ ನನಗೆ ಬಹಳ ವರ್ಷ ತಿಳಿಯಲಿಲ್ಲ ಎಂಬುದನ್ನು ಒಪ್ಪಿಕೊಳ್ಳುತ್ತೇನೆ. ಜುವಾರಿ ರೋವರ್ಸ್‌ಗೆ ಹದಿನಾರು ಹಂಗಾಮು ಆಡಿದೆ, ಭಾರತದ ನೀಲಿ ಅಂಗಿಯಲ್ಲಿ ಮೂವತ್ತೊಂದು ಪಂದ್ಯ ಆಡಿದೆ, ಗೋಲು ಹೊಡೆದದ್ದು ಮಾತ್ರ ಬೆರಳೆಣಿಕೆ. ಪಕ್ಕದ ಮನೆಯ ಸುಮನ "ಆಯಿ, ನಿಮ್ಮ ಮೊಮ್ಮಗ ಚೆಂಡ ಬಂದ ಕೂಡ್ಲೇ ಇನ್ನೊಬ್ಬರಿಗಿ ಕೊಟ್ಟುಬಿಡ್ತಾನಲ್ರಿ, ದಾನಶೂರ" ಎಂದು ನಕ್ಕಾಗ ನನಗೆ ಸಿಟ್ಟು ಬಂದದ್ದು ಅವಳ ಮೇಲಲ್ಲ, ನಿನ್ನ ಮೇಲೆ. ನಿನ್ನ ಉಸ್ತಾದ ಅಬ್ದುಲ ಗಫೂರ ಒಂದು ದಿನ ನಮ್ಮ ಟಿವಿಯ ಮುಂದೆ ಕೂತು ತೋರಿಸಿಕೊಟ್ಟ. ಚೆಂಡು ಬರುವುದಕ್ಕೆ ಮೊದಲೇ ನೀನು ಎಡ ಭುಜದ ಮೇಲಿಂದ ಒಮ್ಮೆ, ಬಲ ಭುಜದ ಮೇಲಿಂದ ಒಮ್ಮೆ ಹಿಂದೆ ನೋಡುತ್ತೀ. "ಪೈಲೇ ದೇಖೋ, ಬಾದ್ ಮೆ ಲೇವ್, ಮೊದಲ ನೋಡು ಆಮ್ಯಾಲ ತಗೋ ಅಂತ ನಾ ಕಲಿಸಿದ್ದು, ಬಾಯೀ. ಇವ ಸಣ್ಣಾಂವ ಇದ್ದಾಗಿಂದ ಒಂದ್ ಸಲಾನೂ ಮರ್ತಿಲ್ಲ" ಎಂದ. ಅಂದಿನಿಂದ ನಾನು ಚೆಂಡು ನೋಡುವುದನ್ನು ಬಿಟ್ಟು ನಿನ್ನ ಕುತ್ತಿಗೆಯನ್ನೇ ನೋಡುತ್ತೇನೆ. ಕೋಲ್ಕತ್ತಾದವರು ಎರಡು ಸಲ ಕರೆದರೂ ನೀನು ಹೋಗಲಿಲ್ಲ. ಕ್ಲಬ್ಬು ಕೆಳಗಿನ ಲೀಗಿಗೆ ಬಿದ್ದಾಗ ಉಳಿದವರೆಲ್ಲ ಗಂಟುಮೂಟೆ ಕಟ್ಟಿದರು, ನೀನು ನಾಲ್ಕು ವರ್ಷ ಅಲ್ಲೇ ನಿಂತು ಈ ಮಾರ್ಚಿನಲ್ಲಿ ಅದನ್ನು ಮತ್ತೆ ಮೇಲಕ್ಕೆ ತಂದೆ. ಅಂದು ನೀನು ಅತ್ತದ್ದನ್ನು ಟಿವಿಯಲ್ಲಿ ಕಂಡು ನಾನು ಎದ್ದು ಒಳಗೆ ಹೋದೆ. ಯಾಕೆಂದು ನಿಮ್ಮ ಅವ್ವನಿಗೂ ಹೇಳಲಿಲ್ಲ.

ಏಪ್ರಿಲ್ ಮೊದಲ ವಾರ ಇಲ್ಲಿಯ ಪತ್ರಿಕೆಯೊಂದರಲ್ಲಿ ನಿನ್ನ ಸುದ್ದಿ ಬಂತು. ಕ್ಲಬ್ಬಿನ ಹೊಸ ಮಾಲೀಕರು ಮೂವತ್ತೈದು ತುಂಬಿದವರಿಗೆ ಮತ್ತೆ ಕರಾರು ಇಲ್ಲ ಎಂದು ನಿಯಮ ಮಾಡಿದ್ದಾರಂತೆ. ಜೂನ್ ಒಂದಕ್ಕೆ ನಿನಗೆ ಮೂವತ್ತೈದು ತುಂಬುತ್ತದಂತೆ, ಅದೇ ದಿನ ಕ್ಲಬ್ಬಿನವರು ಹಾರ ಹಾಕಿ ಬೀಳ್ಕೊಡುತ್ತಾರಂತೆ. ಮೂವತ್ತೈದು! ನಾನು ಇಸ್ತ್ರಿ ಮಾಡಿದ ಸೀರೆ ಉಟ್ಟು, ಆಟೋ ಹಿಡಿದು ಪತ್ರಿಕೆಯ ಕಚೇರಿಗೇ ಹೋದೆ. ಅಲ್ಲಿ ಸುಮಿತ ಎಂಬ ವರದಿಗಾರ ಕೂತಿದ್ದ. "ನನ್ನ ಮೊಮ್ಮಗಗ ಮೂವತ್ತಮೂರು. ಕೂಸಿನ ಹೊಕ್ಕಳಬಳ್ಳಿ ಬಿದ್ದ ದಿನಾ ಸುದ್ದಾ ನನಗ ನೆನಪದ. ಯಾರನ್ನ ಕೇಳಿ ಮುದುಕ ಮಾಡೀರಿ ಅವನ್ನ?" ಎಂದು ಮೇಜು ಬಡಿದೆ. ಅವನು ಮೆತ್ತಗೆ ಮೊಬೈಲು ತಿರುಗಿಸಿ ತೋರಿಸಿದ. "ಆಯಿ, ಇದು ಅವ್ರ ಸಾಲಿ ಸರ್ಟಿಫಿಕೇಟಿನಾಗಿನ ತಾರೀಖ ಅದರಿ. ಒಂದು ಆರು ತೊಂಬತ್ತೊಂದು. ನಾವೇನ್ ಮನ್ಯಾಗ ಕುಂತು ಮಾಡಿದ್ದಲ್ರಿ." ಸರ್ಟಿಫಿಕೇಟು ಬರೆದ ಹೆಡ್‌ಮಾಸ್ತರನಿಗೆ ಆಟೋದುದ್ದಕ್ಕೂ ಬೈಯುತ್ತ ಬಂದೆ. ಮೈಲೂರ ಕ್ರಾಸಿಗೆ ಬಂದಾಗ ನಾಲಗೆ ನಿಂತಿತು. ಹೆಡ್‌ಮಾಸ್ತರನಿಗೆ ಆ ತಾರೀಖು ಹೇಳಿದವಳು ನಾನೇ.

ನಿನಗೆ ಈ ಕಥೆ ಪೂರ್ತಿ ಗೊತ್ತಿಲ್ಲ. ಮನ್ನಳ್ಳಿಯಲ್ಲಿ ನನ್ನ ಅಪ್ಪ ನನ್ನನ್ನು ಶಾಲೆಗೆ ಹಾಕಿದಾಗ ನನಗೆ ಒಂಬತ್ತು ವರ್ಷ. ಹತ್ತನೆಯ ಇಯತ್ತೆ ಮುಗಿಯುವಾಗ ಹತ್ತೊಂಬತ್ತು, ಗಂಡು ಗೊತ್ತಾಗಿತ್ತು. ಎರಡು ವರ್ಷ ಮೊದಲು ಹಾಕಿದ್ದರೆ ಕಾಲೇಜಿನ ಮೆಟ್ಟಿಲು ಹತ್ತುತ್ತಿದ್ದೆ ಎಂಬ ಸಂಕಟ ನನ್ನಲ್ಲಿ ಉಳಿದೇ ಇತ್ತು. ನನ್ನ ಮನೆಯ ಮಗು ತಡವಾಗಬಾರದು ಎಂದು ಹಟ ತೊಟ್ಟಿದ್ದೆ. ತೊಂಬತ್ತೇಳರ ಜೂನಿನಲ್ಲಿ ನಿನಗೆ ನಾಲ್ಕು ವರ್ಷ ಎಂಟು ತಿಂಗಳು. ಕೈ ಹಿಡಿದು ಶಾಲೆಗೆ ಕರೆದೊಯ್ದು, ಆರು ತುಂಬಿದೆ ಎಂದೆ. ಹೆಡ್‌ಮಾಸ್ತರ ಮನ್ಮಥಪ್ಪ ನಿನ್ನನ್ನು ನೋಡಲಿಲ್ಲ, ನನ್ನ ಮುಖ ನೋಡಿ ಬರೆದುಕೊಂಡರು. ಆ ವರ್ಷ ನನ್ನ ಮಾತಿನ ಮೇಲೆ ಗಲ್ಲಿಯ ಐದು ಮಕ್ಕಳು ಸೇರಿದರು, ಐವರೂ ಜೂನ್ ಒಂದಕ್ಕೆ ಹುಟ್ಟಿದವರು. ಅದನ್ನು ಸುಳ್ಳು ಎಂದು ನಾನು ಎಣಿಸಿರಲಿಲ್ಲ. ಕಾಗದದ ತಾರೀಖು ಕಾಗದಕ್ಕೆ, ಹುಗ್ಗಿಯ ತಾರೀಖು ಮನೆಗೆ. ಅಕ್ಟೋಬರ್ ಹದಿನಾರಕ್ಕೆ ನಾನು ನಿನಗೆ ಗೋಧಿ ಹುಗ್ಗಿ ಮಾಡುವುದನ್ನು ಒಂದು ವರ್ಷವೂ ತಪ್ಪಿಸಿಲ್ಲ. ನೀನು ಇಲ್ಲದ ವರ್ಷಗಳಲ್ಲೂ ಮಾಡಿ ಗಲ್ಲಿಗೆ ಹಂಚಿದ್ದೇನೆ.

ಸುದ್ದಿ ಓದಿ ಗಫೂರನೂ ಅಂದು ಸಂಜೆ ಬಂದ. ನಾನು ಮುಚ್ಚಿಡದೆ ಹೇಳಿದೆ. ಅವನು ಚಹಾ ಕುಡಿಯದೆ ಬಸಿಯನ್ನು ಕೆಳಗಿಟ್ಟ. ಎರಡು ಸಾವಿರದ ಐದರಲ್ಲಿ ಹದಿನಾಲ್ಕರ ಒಳಗಿನವರ ಆಯ್ಕೆಗೆ ಬೆಂಗಳೂರಿಗೆ ನಿನ್ನನ್ನು ಕರೆದೊಯ್ದವನು ಅವನೇ ಅಲ್ಲವೇ. "ಹುಡುಗ ಬೂಟ್ ಸುದ್ದಾ ಕಟ್ಟಿದ್ದಿಲ್ಲ ಬಾಯೀ. ಟೇಬಲ್ ಮ್ಯಾಲ ಕಾಗದ ನೋಡಿ, ಐದ್ ತಿಂಗಳ ದೊಡ್ಡಾಂವ ಆಗ್ಯಾನ ಅಂತ ವಾಪಸ್ ಕಳಿಸಿದ್ರು. ಬಸ್ಸಿನಾಗ ರಾತ್ರಿಯೆಲ್ಲಾ ಒಂದೇ ಮಾತು, ಉಸ್ತಾದ, ಆಯಿಗಿ ಹೇಳಬ್ಯಾಡ್ರಿ, ಆಕಿ ಭಾಳ ಖುಷೀಲೆ ಸಾಲಿಗಿ ಹಾಕ್ಯಾಳ." ಅಶ್ವಜಿತ, ಆ ದಿನ ನೀನು ಮನೆಗೆ ಬಂದಾಗ ನಾನು ಹೊಸ್ತಿಲಲ್ಲಿ ನಿಂತು "ಸಾಲಿ ಬಿಟ್ಟು ಹೋದಿ, ಆಟಾನೂ ಬರಲಿಲ್ಲ ನಿನಗ" ಎಂದಿದ್ದೆ. ನೀನು ಕಾಲಿನ ಕೆಂಪು ಮಣ್ಣು ತೊಳೆದುಕೊಂಡು, ಎರಡು ರೊಟ್ಟಿ ತಿಂದು ಮಲಗಿದೆ. ಇನ್ನೊಬ್ಬರ ಕಣ್ಣಿಗೆ ಬೀಳಲು ನಿನಗೆ ಮತ್ತೆ ಐದು ವರ್ಷ ಹಿಡಿಯಿತು. ಇಪ್ಪತ್ತೊಂದು ವರ್ಷ ನೀನು ಬಾಯಿ ಬಿಡಲಿಲ್ಲ. ನಾನು ಅದನ್ನು ವಿಧೇಯತೆ ಎಂದು ತಿಳಿದು ಹೆಮ್ಮೆಪಟ್ಟಿದ್ದೆ.

ಅಂದೇ ನಿನಗೆ ಫೋನು ಮಾಡಿದೆನಲ್ಲ, ನೀನು ನಕ್ಕೆ. "ಮೂವತ್ತೈದಾಗ್ಲಿ ಮೂವತ್ತಮೂರಾಗ್ಲಿ, ಕಾಲು ನಂದೇ ಆಯಿ. ಈಗ ನಾ ಬಾಯಿ ತೆಗದ್ರ ಇವ ವಯಸ್ಸು ಕದ್ದ ಅಂತಾರ. ಇಲ್ಲಾಂದ್ರ ನಿನ್ನ ಹೆಸರು ಹೇಳಬೇಕು. ಎರಡೂ ಬ್ಯಾಡ" ಎಂದೆ. ಆಡುವ ಮನಸ್ಸು ಇದೆಯೋ ಇಲ್ಲವೋ, ಅಷ್ಟು ಹೇಳು ಎಂದು ಕೇಳಿದೆ. ನೀನು "ಮ್ಯಾಲಿನ ಲೀಗಿನಾಗ ಇನ್ನೊಂದ್ ವರ್ಷ ಆಡಬೇಕಂತ ಅದ, ಆಯಿ" ಎಂದು ಫೋನಿಟ್ಟೆ. ನನಗೆ ಅಷ್ಟು ಸಾಕಿತ್ತು. ನೀನು ಹೇಳಿದ್ದರಲ್ಲಿ ಒಂದು ನಿಜ. ಆಟಗಾರ ತನ್ನ ವಯಸ್ಸು ಕಡಿಮೆ ಎಂದರೆ ಯಾರೂ ನಂಬುವುದಿಲ್ಲ. ಸುಳ್ಳು ಹೇಳಿದವಳೇ ಎದ್ದು ನಿಂತು ಹೇಳಿದರೆ ಮಾತ್ರ ನಂಬುತ್ತಾರೆ.

ಮರುವಾರ ಮಹಾಮಾಯಾಳನ್ನು ಕರೆದುಕೊಂಡು ಬಸ್ಸಿನಲ್ಲಿ ಔರಾದಿಗೆ ಹೋದೆ. ಚೊಚ್ಚಲ ಹೆರಿಗೆ ಅವಳ ತವರಿನಲ್ಲಿ ಆದದ್ದರಿಂದ ನಿನ್ನ ಜನನದ ದಾಖಲೆ ಅಲ್ಲೇ ಇರಬೇಕು. ಬೀದರಿನಲ್ಲಿ ಯಾರೂ ಅದನ್ನು ಹುಡುಕಿರಲಿಲ್ಲ. ಕಚೇರಿಯ ಗುಮಾಸ್ತ ಅಜರ ಒಳ್ಳೆಯ ಹುಡುಗ, ಹಳೆಯ ರಿಜಿಸ್ಟರಿನ ಧೂಳು ಒರೆಸಿ ಹಾಳೆ ಹಾಳೆ ತಿರುಗಿಸಿದ. ೧೬ ಅಕ್ಟೋಬರ್ ೧೯೯೨, ಗಂಡು, ತಾಯಿ ಮಹಾಮಾಯಾ. "ಹೆಸರಿನ ಜಾಗಾ ಖಾಲಿ ಅದ ಆಯಿ" ಎಂದ. ಆಗ ನಿನಗೆ ಹೆಸರಿಟ್ಟಿರಲಿಲ್ಲ. ಹೆಸರಿಲ್ಲದಿದ್ದಾಗಲೂ ನಿನ್ನ ತಾರೀಖು ಸರಿಯಾಗಿಯೇ ಇತ್ತು. ನಿಮ್ಮ ಅವ್ವ ಅಲ್ಲಿಯ ಬೆಂಚಿನ ಮೇಲೆ ಕೂತು ಮೊದಲ ಸಲ ನನಗೆ ಎದುರು ಮಾತಾಡಿದಳು. "ಆವತ್ತು ನಾ ಹೇಳಿದ್ದೆರಿ ಅತ್ತಿ, ಇನ್ನೊಂದ್ ವರ್ಷ ಮನ್ಯಾಗಿರ್ಲಿ ಕೂಸು ಅಂತ. ನೀವು ಸುಮ್ಮಕಿರು ಅಂದ್ರಿ." ಹೌದು, ಅಂದಿದ್ದೆ. ಔರಾದಿನಿಂದ ಹಾಗೇ ಭಾಲ್ಕಿಗೆ ಹೋದೆವು. ಮನ್ಮಥಪ್ಪ ಮಾಸ್ತರರು ಮಗನ ಮನೆಯಲ್ಲಿದ್ದಾರೆ, ಎಂಬತ್ತಾರು, ಹಣೆಯ ಮೇಲೆ ವಿಭೂತಿ, ಕಿವಿ ಮಂದ. ನಾನು ಕೂಗಿ ಕೂಗಿ ಹೇಳಿದ್ದನ್ನು ಇಡೀ ಓಣಿ ಕೇಳಿತು. ಅವರು ಎಲ್ಲ ಕೇಳಿ, "ಬಾಯಾರ, ನೀವು ಹೇಳೀರಿ, ನಾ ಬರ್ದೀನಿ. ಪಾಪ ಅರ್ಧಾ ಅರ್ಧಾ ಹಂಚ್ಕೊಳ್ಳೋಣ ತಗೋರಿ" ಎಂದು, ಆ ತಾರೀಖು ನನ್ನ ಬಾಯಿಮಾತಿನ ಮೇಲೆ ಬರೆದದ್ದು ಎಂದು ತಮ್ಮ ಕೈಯಾರೆ ಬರೆದುಕೊಟ್ಟರು. ಈ ವಯಸ್ಸಿನಲ್ಲೂ ಅಕ್ಷರ ಮುತ್ತು.

ಬುದ್ಧ ಪೂರ್ಣಿಮೆಯ ದಿನ ವಿಹಾರದಲ್ಲಿ ಪಂಚಶೀಲ ಹೇಳಿಸುವವಳು ನಾನೇ ಎಂಬುದು ನಿನಗೆ ಗೊತ್ತು. ಸುಳ್ಳಾಡುವುದಿಲ್ಲ ಎಂಬ ನಾಲ್ಕನೆಯ ಶೀಲಕ್ಕೆ ಬಂದು ನಿಂತೆ. ಈ ಗಲ್ಲಿಯ ಮಕ್ಕಳ ವಯಸ್ಸು ಸುಳ್ಳು ಬರೆಸಿದವಳು ನಾನು, ಅದರಿಂದ ನನ್ನ ಮೊಮ್ಮಗನ ಆಟ ಕೆಟ್ಟಿತು, ಮೊದಲು ಅದನ್ನು ಹೇಳದೆ ಈ ಶೀಲ ನಿಮ್ಮ ಬಾಯಿಂದ ಹೇಳಿಸಲಾರೆ ಎಂದೆ. ಸುಮನಳೇ ಎದ್ದು, "ಹಂಗಾರ ನಮ್ಮ ಮಗ ಗೌರವಂದೂ ನೀವೇ ಹುಟ್ಟಿಸಿದ ತಾರೀಖಲ್ರಿ! ಒಂದೇ ದಿನ ಐದು ಹಡೆದಾಕಿ ಅಂದ್ರ ನಮ್ಮ ಅಧ್ಯಕ್ಷರೇ" ಎಂದಳು. ಎಲ್ಲರೂ ನಕ್ಕರು. ನಾನು ನಗಲಿಲ್ಲ, ಆದರೆ ಸಿಟ್ಟೂ ಬರಲಿಲ್ಲ. ಆಮೇಲೆ ನಾಲ್ಕನೆಯದನ್ನು ಹೇಳಿಸಿದೆ. ಅಧ್ಯಕ್ಷ ಸ್ಥಾನ ಬಿಡಲು ಹೋದರೆ, "ಯಾಕ್ರಿ, ಈಗರೆ ಖರೆ ಹೇಳಾಕ ಸುರು ಮಾಡೀರಿ, ಕುಂಡ್ರಿ ಸುಮ್ಮ" ಎಂದು ಗದರಿಸಿದರು. ನನ್ನನ್ನು ಗದರಿಸುವ ಕಾಲವೂ ಬಂತು ನೋಡು.

ಮಗನೇ, ನಾನು ನಿನಗೆ ಒಂದು ವರ್ಷ ಮುಂದೆ ಕೊಟ್ಟೆನೆಂದು ತಿಳಿದಿದ್ದೆ. ಲೆಕ್ಕ ಮಾಡಿದರೆ ನಿನ್ನಿಂದ ಒಂದು ವರ್ಷ ನಾಲ್ಕು ತಿಂಗಳು ಹದಿನೈದು ದಿನ ಕಸಿದುಕೊಂಡಿದ್ದೇನೆ. ಕ್ಷಮೆ ಕೇಳುವುದು ನನಗೆ ರೂಢಿಯಿಲ್ಲ, ಅದಕ್ಕೆ ಯಾವ ಮಾತು ಹೊಂದುತ್ತದೋ ತಿಳಿಯದು. ಈ ಪತ್ರವನ್ನೇ ಅದು ಎಂದು ತಿಳಿ. ಮೈ ಕಾಪಾಡಿಕೊ. ನಿನ್ನ ಜೊತೆಯ ಹುಡುಗರಿಗೆಲ್ಲ ನನ್ನ ಆಶೀರ್ವಾದ ತಿಳಿಸು. ಗಫೂರ ಉಸ್ತಾದ ಸಲಾಂ ಹೇಳಿದ್ದಾನೆ. ನಿನ್ನ ಕಾಲಿಗೆ ಬಲವಿರಲಿ, ಮನಸ್ಸಿಗೆ ಸಮಾಧಾನವಿರಲಿ. ಭವತು ಸಬ್ಬ ಮಂಗಲಂ.

ನಿನ್ನ ಆಯಿ,
ಗಿರಿಜಾಬಾಯಿ

ತಾ.ಕ.: ಬ್ಯಾಡ ಎಂದು ಹೇಳಲು ನೀನು ಫೋನು ಎತ್ತುವ ಮೊದಲು ಇದನ್ನು ಓದು. ಮೊನ್ನೆ ಶುಕ್ರವಾರ ನೋಟರಿಯ ಮುಂದೆ ಪ್ರಮಾಣಪತ್ರಕ್ಕೆ ಸಹಿ ಮಾಡಿದೆ. ಅಲ್ಲಿ ನನ್ನ ವಯಸ್ಸು ಕೇಳಿದರು, ಕಾಗದದ್ದೋ ಖರೇದ್ದೋ ಎಂದು ನಾನು ಕೇಳಿದೆ. ಅದನ್ನೂ ಔರಾದಿನ ದಾಖಲೆಯನ್ನೂ ಮಾಸ್ತರರ ಚೀಟಿಯನ್ನೂ ನಿನ್ನ ಕ್ಲಬ್ಬಿನ ಕಾರ್ಯದರ್ಶಿಗೆ ಶನಿವಾರವೇ ರಿಜಿಸ್ಟರ್ ಅಂಚೆಯಲ್ಲಿ ಕಳಿಸಿದ್ದೇನೆ. ಪ್ರತಿಯನ್ನು ಆ ಸುಮಿತನಿಗೂ ಕೊಟ್ಟೆ, ನನ್ನ ಹೆಸರು ದೊಡ್ಡದಾಗಿ ಹಾಕು ಎಂದೆ. ಅಂಕಪಟ್ಟಿ, ಪಾಸ್‌ಪೋರ್ಟು ತಿದ್ದಿಸಲು ಕೋರ್ಟಿಗೆ ಹೋಗಬೇಕಂತೆ, ಅಲ್ಲಿ ನಿನ್ನ ಸಹಿ ಬೇಕು. ನನ್ನ ಸಹಿ ಬೇಕಾದಲ್ಲೆಲ್ಲ ಮಾಡಿಯಾಗಿದೆ. ಅವರು ಕರಾರು ಕೊಡುತ್ತಾರೋ ಬಿಡುತ್ತಾರೋ ಅವರ ಇಷ್ಟ. ಆದರೆ ಜೂನ್ ಒಂದಕ್ಕೆ ಹಾರ ಹಿಡಿದು ಬಂದರೆ ಕುತ್ತಿಗೆ ಬಾಗಿಸಬೇಡ. ಅದು ನಿನ್ನ ದಿನವಲ್ಲ.