ಕ್ರಯಪತ್ರದಲ್ಲಿ ಬರೆಸಿದ ಬೆಲೆ

ವೆಲ್ಕೋ,

ನೀನು ತೀರಿಕೊಂಡು ಎರಡು ವರ್ಷವಾದ ಮೇಲೆ ಇವತ್ತು ಊರ ಕಚೇರಿಯಲ್ಲಿ ನಿನ್ನ ಹೆಸರು ಓದಿದರು. ಹೆದ್ದಾರಿಗೆ ಹೋಗುವ ಜಮೀನುಗಳಿಗೆ ಬೆಲೆ ಕಟ್ಟಲು ರಾಜಧಾನಿ ಸೋಫಿಯಾದಿಂದ ಒಬ್ಬ ಅಧಿಕಾರಿಣಿ ಬಂದಿದ್ದಳು. ಹತ್ತಿರದಲ್ಲಿ ನೋಂದಣಿಯಾದ ಮಾರಾಟ ನೋಡಿ ಪರಿಹಾರದ ದರ ಗೊತ್ತುಮಾಡುತ್ತಾರಂತೆ. ಐದು ವರ್ಷದಲ್ಲಿ ನಮ್ಮೂರಲ್ಲಿ ಆದ ಮಾರಾಟ ಒಂದೇ, ನೀನು ನನಗೆ ಮಾರಿದ ಮೆಣಸಿನಕಾಯಿ ಹೊಲ. ಪತ್ರದಲ್ಲಿರುವುದು ಎರಡು ಸಾವಿರ ಲೆವಾ.

"ಗೆಂಚೋ, ನನ್ನ ದ್ರಾಕ್ಷಿ ತೋಟಾನೂ ಈ ರೇಟಿಗೇ ಹೋಗತ್ತೇನೋ?" ಅಂದಳು ರಾಡ್ಕಜ್ಜಿ ನನ್ನ ಕಡೆ ತಿರುಗಿ. "ತೆರಿಗೆ ಉಳಿಸೋಕೆ ಕಮ್ಮಿ ಬರೆಸಿದ್ವಿ ಅಂತ ಹೇಳೋ. ಊರಿಗೆಲ್ಲ ಗೊತ್ತಿರೋದೇ."

ಅವತ್ತು ನೋಟರಿ ಮುಂದೆ ನೀನು, "ಎಂಟು ಸಾವಿರ ಅಂತಾನೇ ಬರೆಸೋಣ ಕಣೋ" ಅಂದಿದ್ದೆ. ನಾನು ನಕ್ಕಿದ್ದೆ. "ಎಲ್ಲರೂ ಹೀಗೇ ಬರೆಸೋದು. ಉಳಿದ ಆರು ಸಾವಿರ ದ್ರಾಕ್ಷಿ ಕೊಯ್ಲಾದ ಮೇಲೆ ಕೈಗೆ ಕೊಡ್ತೀನಿ." ಮೂರು ಕೊಯ್ಲು ಕಳೆದವು. ನೀನು ಆ ಹಣ ಒಂದು ಸಲವೂ ಕೇಳಲಿಲ್ಲ. ಬೀದಿಯಲ್ಲಿ ಕಂಡರೆ ಟೋಪಿ ಮುಟ್ಟಿ ಮುಂದೆ ಹೋಗುತ್ತಿದ್ದೆ.

ಅಧಿಕಾರಿಣಿ ಕನ್ನಡಕ ತೆಗೆದು, "ನೀವು ನಿಜವಾಗಿ ಕೊಟ್ಟಿದ್ದು ಎಷ್ಟು?" ಅಂತ ಕೇಳಿದಳು.

ಹಿಂದಿನ ಸಾಲಿನಲ್ಲಿ ನಿನ್ನ ಹೆಂಡತಿ ದೊನ್ಕಾ ಕೂತಿದ್ದಳು. ಶೋಕದ ಕಪ್ಪು ಬಟ್ಟೆ ಇನ್ನೂ ಬಿಟ್ಟಿಲ್ಲ. ನನ್ನನ್ನೇ ನೋಡುತ್ತಿದ್ದಳು.

"ಎರಡು ಸಾವಿರ" ಅಂದೆ.

ರಾಡ್ಕಜ್ಜಿ, "ಥೂ, ಸುಳ್ಳುಗಾರ" ಅಂದಳು.

ಅದು ಸುಳ್ಳಲ್ಲ ಅಂತ ನನ್ನ ಬಿಟ್ಟರೆ ಅಲ್ಲಿ ದೊನ್ಕಾ ಒಬ್ಬಳಿಗೇ ಗೊತ್ತಿತ್ತು.