ಕುಡಿಯದೆ ಇಟ್ಟ ಕಾಫಿ

ಜೆಡ್ಡಾ
ರಜಬ್ ತಿಂಗಳ ಇಪ್ಪತ್ತು, ಗುರುವಾರ

ನನ್ನ ಮುದ್ದಿನ ಡೆಂಬಾ,

ನಿನಗೂ, ನಿನಗಿಂತ ಮೊದಲು ಈ ಪತ್ರ ಒಡೆದು ಓದುವ ಜೈಲಿನ ಸಾಹೇಬರಿಗೂ ಸಲಾಂ. ಬರೆಯುವುದು ತಡವಾಯಿತು, ಬೇಜಾರು ಮಾಡಿಕೊಳ್ಳಬೇಡ. ಕೂತಾಗಲೆಲ್ಲ ಕೈ ಓಡುತ್ತಿರಲಿಲ್ಲ. ನಿನ್ನ ಕೆಮ್ಮು ಹೇಗಿದೆ? ರಾಯಭಾರ ಕಚೇರಿಯವರ ಕೈಯಲ್ಲಿ ಕಳಿಸಿದ ಉಣ್ಣೆಯ ಅಂಗಿ ಸಿಕ್ಕಿತೇ? ನೀನು ದುಡಿಯುತ್ತಿದ್ದ ಆ ಬಂದರಿಗೆ ನಿನ್ನ ಪಾಳಿಯಲ್ಲೇ ಬೆಂಕಿ ಬೀಳಬೇಕಿತ್ತೇ, ವಿಚಾರಣೆಯೂ ಇಲ್ಲದೆ ನೀನು ಎರಡು ವರ್ಷ ಒಳಗೆ ಕೊಳೆಯಬೇಕೇ ಎಂದು ದಿನವೂ ನಮಾಜು ಮುಗಿಸಿ ಚಾಪೆಯ ಮೇಲೆ ಕೂತೇ ದೇವರ ಹತ್ತಿರ ಜಗಳ ತೆಗೆಯುತ್ತೇನೆ.

ಅಪ್ಪ ಒಂದು ಮಾತು ಹೇಳಿದರೆ ಬಿಟ್ಟುಬಿಡುತ್ತಾರೆ ಎಂದು ಹೋದ ಪತ್ರದಲ್ಲಿ ಬರೆದಿದ್ದೆಯಲ್ಲ, ಆ ಮಾತು ಹೇಳುವ ಹೊತ್ತು ಬಂದಿತ್ತು. ನಿಮ್ಮಪ್ಪ ಹೇಳಲಿಲ್ಲ. ಬೇರೆ ಯಾರಿಂದಲೋ ತಿಳಿಯುವುದಕ್ಕಿಂತ ನನ್ನಿಂದಲೇ ತಿಳಿಯಲಿ ಎಂದು ಬರೆಯುತ್ತಿದ್ದೇನೆ.

ಐವತ್ತಕ್ಕೂ ಹೆಚ್ಚು ಮುಸ್ಲಿಂ ದೇಶಗಳು ಸೇರಿ ಕಟ್ಟಿದ ಸಂಸ್ಥೆಗೆ ಪ್ರಧಾನ ಕಾರ್ಯದರ್ಶಿ ಎಂದರೆ ನಮ್ಮೂರಿನವರಿಗೆ ನಿಮ್ಮಪ್ಪ ದೊಡ್ಡ ದೊರೆ. ನಿಮ್ಮ ಸೋದರತ್ತೆ ಫೋನಿನಲ್ಲಿ, "ಏನೇ, ನಮ್ಮಣ್ಣ ರಾಜರಿಗೆಲ್ಲ ಬುದ್ಧಿ ಹೇಳ್ತಾನಂತೆ, ಊರ ಬಾವಿಗೊಂದು ಪಂಪು ಹಾಕ್ಸೋಕಾಗಲ್ವಂತಾ?" ಎಂದು ಹಂಗಿಸುತ್ತಾಳೆ. ಅವಳಿಗೆ ಹೇಗೆ ಹೇಳಲಿ? ಅವರಿಗೆ ಸೈನ್ಯವಿಲ್ಲ, ಸಭೆಯಲ್ಲಿ ಒಂದು ಮತವೂ ಇಲ್ಲ. ಇಬ್ಬರು ಮಂತ್ರಿಗಳು ಮುಖ ಮುಖ ನೋಡಲು ಒಪ್ಪದಿದ್ದರೆ ಈ ಕೋಣೆಯಿಂದ ಆ ಕೋಣೆಗೆ ಓಡಾಡುವ ಕಾಲುಗಳಿವೆ ಅಷ್ಟೇ, ಅದೂ ಮಂಡಿನೋವಿನ ಕಾಲು.

ಈ ಸಲ ಓಡಾಡಿದ್ದು ಬೆಸ್ತರಿಗಾಗಿ. ದೋಣಿ ತೇಲಿಕೊಂಡು ಗಡಿ ದಾಟಿದ ನೆರೆದೇಶದ ಬಡ ಬೆಸ್ತರನ್ನು ನೀನಿರುವ ದೇಶದವರು ಹಿಡಿದಿಟ್ಟಿದ್ದರು. ಅವರಲ್ಲಿ ಇಬ್ಬರು ಜೈಲಿನಲ್ಲೇ ತೀರಿಹೋದರು. ಎರಡು ದೇಶಗಳಿಗೂ ಮಾತು ಬಿಟ್ಟುಹೋಗಿತ್ತು. ಇಲ್ಲಿನ ಸಭೆಯಲ್ಲೂ ಏನೂ ಬಗೆಹರಿಯಲಿಲ್ಲ. ಕೊನೆಗೆ ಸೋಮವಾರ ಮಧ್ಯಾಹ್ನ ನಿನ್ನನ್ನು ಹಿಡಿದಿಟ್ಟಿರುವ ದೇಶದ ಮಂತ್ರಿ ಶೇಖ್ ಮುಸಾಯಿದ್ ತಾವು ಇಳಿದುಕೊಂಡಿದ್ದ ಮನೆಗೆ ನಿಮ್ಮಪ್ಪನನ್ನು ಕಾಫಿಗೆ ಕರೆದರು. ಕಚೇರಿಯಲ್ಲಿ ಅತಿಥಿಗಳ ಮರ್ಯಾದೆ ನೋಡಿಕೊಳ್ಳುವ ಬಾನಾಜಾ ಜೊತೆಗೆ ಹೋಗಿದ್ದರು. ಅಲ್ಲಿ ನಡೆದದ್ದನ್ನು ನನಗೆ ಹೇಳಿದವರು ಅವರೇ.

ಸೋಮವಾರ ನಿಮ್ಮಪ್ಪನ ಉಪವಾಸ ಎಂದು ನಿನಗೆ ಗೊತ್ತು, ಅದನ್ನು ಯಾರ ಮುಂದೆಯೂ ಹೇಳಿಕೊಳ್ಳುವುದಿಲ್ಲ ಎಂದೂ ಗೊತ್ತು. ಮಂತ್ರಿ ತಾವೇ ಎದ್ದು ಬಟ್ಟಲಿಗೆ ಕಾಫಿ ಬಗ್ಗಿಸಿ ಕೊಟ್ಟರು. ಇವರು ತೆಗೆದುಕೊಂಡು, ತುಟಿಗೆ ಸೋಕಿಸದೆ ಮುಂದಿಟ್ಟುಬಿಟ್ಟರು. ನಮ್ಮ ಕಡೆಯಾಗಿದ್ದರೆ ಯಾರೂ ಗಮನಿಸುತ್ತಿರಲಿಲ್ಲ. ಮರುಭೂಮಿಯವರಲ್ಲಿ ಅತಿಥಿ ಹಾಗೆ ಬಟ್ಟಲು ಕೆಳಗಿಟ್ಟರೆ ಅವನದೊಂದು ಬೇಡಿಕೆ ಇದೆ, ನಡೆಸಿಕೊಡುತ್ತೇನೆ ಎಂದ ಮೇಲೆಯೇ ಕುಡಿಯುತ್ತಾನೆ ಎಂದರ್ಥ. ಬರಿಗೈಯಲ್ಲಿ ಕಳಿಸಿದರೆ ಮನೆಯವನ ಮಾನ ಹೋದ ಹಾಗೆ. ಇಷ್ಟು ವರ್ಷ ಇಲ್ಲಿದ್ದೂ ಆ ಗಳಿಗೆಯಲ್ಲಿ ಅದು ಇವರಿಗೆ ಹೊಳೆಯಲಿಲ್ಲ. ಕೂತಿದ್ದವರೆಲ್ಲ ಮಾತು ನಿಲ್ಲಿಸಿದಾಗಲೇ ಹೊಳೆದದ್ದು.

ಮಂತ್ರಿಯ ಮುಖ ಅರಳಿತಂತೆ. "ಹೇಳಿ ದೊಡ್ಡೋರೇ, ನಿಮ್ ಹುಡುಗನ್ ವಿಷ್ಯ ತಾನೆ? ಎರಡು ವರ್ಷದಿಂದ ಕಾಯ್ತಾ ಇದೀನಿ, ಯಾವತ್ತು ಬಾಯಿ ಬಿಡ್ತೀರಿ ಅಂತ."

ಉಪವಾಸ ಎಂದು ಹೇಳಿ ಜಾರಿಕೊಳ್ಳಬಹುದಿತ್ತು. ನಿನ್ನ ಹೆಸರು ಹೇಳಬಹುದಿತ್ತು. ನಿಮ್ಮಪ್ಪ ಬಟ್ಟಲನ್ನು ಮುಟ್ಟದೆ, "ಹುಡುಗನ್ ವಿಷ್ಯ ಅಲ್ಲ ಶೇಖ್. ಆ ಬೆಸ್ತರನ್ನ ಅವರವರ ಮನೆಗೆ ಕಳ್ಸಿಕೊಡಿ" ಎಂದರು.

ಮಂತ್ರಿ ಗಡ್ಡ ಸವರಿಕೊಂಡರು. "ಸಿಕ್ಕಿಹಾಕಿಸ್ಬಿಟ್ರಲ್ಲ ನನ್ನ," ಎಂದರು. ಆಮೇಲೆ, "ಆಯ್ತು, ಕೊಟ್ಟೆ. ಕುಡೀರಿ." ನಿಮ್ಮಪ್ಪ ಉಪವಾಸ ಮುರಿದು ಕುಡಿದರು.

ಆ ಸಂಜೆ ಊಟಕ್ಕೆ ಕಡಲೆಕಾಯಿ ಸಾರು ಮಾಡಿದ್ದೆ. ಬೆಸ್ತರನ್ನು ಬಿಡುತ್ತಾರೆ ಎಂದಷ್ಟೇ ಹೇಳಿ ಊಟಕ್ಕೆ ಕೂತರು. ಮಾರನೆಯ ದಿನ ಬಾನಾಜಾ ಬಂದು ಎಲ್ಲ ಹೇಳಿದ ಮೇಲೆ ನಾನು ಸುಮ್ಮನಿರಲಿಲ್ಲ. "ಮಗ ನೆನಪಾಗ್ಲಿಲ್ವಾ ನಿಮ್ಗೆ?" ಎಂದೆ.

"ನೆನಪಾಗ್ದೆ ಇರ್ತಾನೇನೇ? ಕೇಳಿದ್ರೆ ಕೊಡ್ತಿದ್ರು. ನಾಳೆ ಇನ್ನೊಬ್ರ ಮನೇಲಿ ಕೂತು ಯಾರಿಗೋಸ್ಕರ ಏನ್ ಕೇಳಿದ್ರೂ, ಮಗನ್ನ ಬಿಡಿಸ್ಕೊಂಡೋನಲ್ವಾ ಇವನು ಅಂತಾರೆ. ಸಾಯ್ತಾ ಇದ್ರು ಕಣೇ ಆ ಜನ ಅಲ್ಲಿ."

ಜಗಳಕ್ಕೆಂದು ಕೂತವಳು ಎದ್ದು ಚಹಾ ಮಾಡಲು ಹೋದೆ. ಹೆಮ್ಮೆಯಾಯಿತು ಮಗನೇ, ಸುಳ್ಳು ಹೇಳುವುದಿಲ್ಲ. ನಿನ್ನೆ ಬೆಸ್ತರು ಊರು ಸೇರಿದ್ದನ್ನು ಟೀವಿಯಲ್ಲಿ ನೋಡಿದೆವು. ಒಬ್ಬ ಮುದುಕ ತನ್ನ ಹೆಂಡತಿಯ ಗುರುತು ಸಿಗದೆ ಮುಂದೆ ಹೋಗಿಬಿಟ್ಟ. ಆಕೆ ಅಂಗಿ ಹಿಡಿದೆಳೆದು ಎಲ್ಲರೆದುರೇ ಬೈದಳು. ನಿಮ್ಮಪ್ಪ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು.

ಅವರ ಮೇಲೆ ಮುನಿಸಿಕೊಳ್ಳಬೇಡ. ಇಂಥವರ ಮಗ ನೀನು ಎಂದು ತಲೆ ಎತ್ತಿ ಕೂತಿರು. ದೇವರು ನಿನ್ನ ಮೈಗೆ ಬಲ ಕೊಡಲಿ, ನಿನ್ನನ್ನು ಕಾಯುವವರ ಮನಸ್ಸನ್ನೂ ಮೆತ್ತಗೆ ಮಾಡಲಿ.

ನಿನ್ನ ಅಮ್ಮ,
ದಿಕ್ಕೋ

ಇನ್ನೊಂದು ಮಾತು: ಇದನ್ನು ಬರೆಯಬಾರದೆಂದಿದ್ದೆ. ಬಾನಾಜಾ ನುಂಗಿಕೊಂಡಿದ್ದ ಮಾತೊಂದನ್ನು ಇವತ್ತು ಬೆಳಿಗ್ಗೆ ಕೆದಕಿ ಹೊರಡಿಸಿದೆ. ಮೊದಲ ಬಟ್ಟಲು ಮುಗಿದ ಮೇಲೆ ಮಂತ್ರಿ ತಾವೇ ಎರಡನೆಯದನ್ನು ಬಗ್ಗಿಸಿ ಕೊಟ್ಟು ಕಾದು ಕೂತರಂತೆ, ನಿಮ್ಮಪ್ಪ ಅದನ್ನೂ ಕೆಳಗಿಡಲಿ ಎಂದು. ಕೆಳಗಿಟ್ಟಿದ್ದರೆ ನೀನು ಈ ಹೊತ್ತಿಗೆ ನನ್ನ ಅಡುಗೆಮನೆಯಲ್ಲಿರುತ್ತಿದ್ದೆ. ನಿಮ್ಮಪ್ಪ ಅದನ್ನು ನಿಲ್ಲಿಸದೆ ಕುಡಿದು, ಸಾಕು ಎಂದು ಬಟ್ಟಲು ಅಲುಗಿಸಿ ವಾಪಸು ಕೊಟ್ಟರಂತೆ. ಮೇಲೆ ಬರೆದದ್ದೆಲ್ಲ ನಿಜ. ಆದರೂ ನಾನಾಗಿದ್ದರೆ ಕೆಳಗಿಡುತ್ತಿದ್ದೆ, ಡೆಂಬಾ.