ಪಾಠಕ್ಕೆ ಅರ್ಹಳು, ಹುದ್ದೆಗೆ ಅಲ್ಲ

ಮಾನ್ಯ ಕುಲಸಚಿವರೇ,

ನಿಮ್ಮ ವಿಶ್ವವಿದ್ಯಾಲಯದ ಇತಿಹಾಸ ವಿಭಾಗದಲ್ಲಿ ಪರಿಶಿಷ್ಟ ಜಾತಿಗೆ ಮೀಸಲಾಗಿದ್ದ ಸಹಾಯಕ ಪ್ರಾಧ್ಯಾಪಕರ ಹುದ್ದೆಯೊಂದು ವರ್ಷಗಟ್ಟಲೆ ಖಾಲಿ ಬಿದ್ದು, ಕೊನೆಗೆ ಆ ಮೀಸಲಾತಿಯಿಂದಲೇ ಜಾರಿಹೋಯಿತು. ಅದಕ್ಕೆ ಆಯ್ಕೆಯಾಗಿದ್ದವಳು ನಾನು. ನಾನು ಅರ್ಹಳೋ ಅಲ್ಲವೋ ಎಂದು ಹೇಳಬೇಕಾಗಿದ್ದವರು ನೀವು. ನೀವು ಹೇಳಲಿಲ್ಲ.

ನಾನು ಹುಟ್ಟಿದ್ದು ಸನ್ನತಿಯಲ್ಲಿ. ಅಲ್ಲಿ ಉತ್ಖನನ ನಡೆದಾಗ ನನ್ನ ತಾಯಿ ಪೀರಮ್ಮ ಮಣ್ಣಿನ ಬುಟ್ಟಿ ಹೊತ್ತವರು. ಮಗಳು ಅದೇ ಊರಿನ ಶಾಸನಗಳ ಮೇಲೆ ಪಿಎಚ್.ಡಿ. ಮಾಡಿದಾಗ ಓಣಿಯವರಿಗೆಲ್ಲ ಸಕ್ಕರೆ ಹಂಚಿದರು. ನನ್ನ ಎಂ.ಎ. ಪ್ರಾಚೀನ ಇತಿಹಾಸ ಮತ್ತು ಪುರಾತತ್ವದಲ್ಲಿ. ನಿಮ್ಮ ಅಧಿಸೂಚನೆ ಕೇಳಿದ್ದು 'ಇತಿಹಾಸ ಅಥವಾ ಸಂಬಂಧಿತ ವಿಷಯ'. ಯಾವುದು ಸಂಬಂಧಿತ ಎಂದು ಅದರಲ್ಲಿ ಎಲ್ಲಿಯೂ ಇರಲಿಲ್ಲ. ನಿಮ್ಮದೇ ಆಯ್ಕೆ ಸಮಿತಿ ನನ್ನ ಹೆಸರನ್ನು ಮೊದಲಿಗಿಟ್ಟಿತು. ಎರಡನೆಯವರಾಗಿದ್ದ ಕುರಕುಂಟಾದ ಅಂಬರೇಶ ಅವರು ನನ್ನ ವಿಷಯ ಬೇರೆ ಎಂದು ಹೈಕೋರ್ಟಿಗೆ ಹೋದರು. ನೇಮಕಕ್ಕೆ ತಡೆ ಬಂತು.

ಅವರ ಮೇಲೆ ನನಗೆ ಸಿಟ್ಟಿಲ್ಲ. ಅನುಮಾನಕ್ಕೆ ಜಾಗ ಬಿಟ್ಟವರು ನೀವು. ನ್ಯಾಯಾಲಯ ನಿಮ್ಮನ್ನು ಕೇಳಿದ್ದು ಒಂದೇ ಪ್ರಶ್ನೆ: ನನ್ನ ಎಂ.ಎ. ಇತಿಹಾಸದ ಎಂ.ಎ.ಗೆ ಸಮಾನವೇ? ನಿಮ್ಮ ವಕೀಲರು ಕಾಲಾವಕಾಶ ಕೇಳಿದರು. ಸಮಿತಿ ರಚಿಸುತ್ತೇವೆ ಎಂದರು. ಕುಲಪತಿಗಳು ಬದಲಾದರು, ಸಮಿತಿಯ ಅವಧಿ ಮುಗಿಯಿತು, ಮತ್ತೆ ಕಾಲಾವಕಾಶ ಕೇಳಿದರು. ಪ್ರಾಚೀನ ಕಾಲ ಇತಿಹಾಸಕ್ಕೆ ಸೇರುತ್ತದೆಯೇ ಎಂದು ತೀರ್ಮಾನಿಸಲು ಎಷ್ಟು ಮಂದಿ ವಿದ್ವಾಂಸರು ಬೇಕು, ಮಾನ್ಯರೇ?

ಅತ್ತ ನೀವು ವಿಚಾರ ಮಾಡುತ್ತಿದ್ದಾಗ ಇತ್ತ ನಿಮ್ಮ ವಿಭಾಗದಲ್ಲಿ ಪಾಠ ನಿಂತಿರಲಿಲ್ಲ. ಪಾಠ ಮಾಡುತ್ತಿದ್ದವಳು ನಾನೇ, ಅತಿಥಿ ಉಪನ್ಯಾಸಕಿಯಾಗಿ. ಆ ಅತಿಥಿ ಆದೇಶಕ್ಕೆ ಪ್ರತಿವರ್ಷ ಸಹಿ ಹಾಕುವಾಗ ನನ್ನ ಪದವಿಯ ಮೇಲೆ ನಿಮಗೆ ಸಂಶಯ ಬರಲಿಲ್ಲ. ಮಕ್ಕಳಿಗೆ ಕಲಿಸಲು ಸಾಕಾಗುವ ವಿದ್ಯೆ ಖಾಯಂ ಕುರ್ಚಿಗೆ ಮಾತ್ರ ಸಾಲದೇ?

ಕಲಬುರಗಿಯ ಪೀಠದಲ್ಲಿ ವಿಚಾರಣೆ ಇದ್ದಾಗಲೆಲ್ಲ ವಾಡಿ ಸ್ಟೇಷನ್ನಿನಲ್ಲಿ ಅಂಬರೇಶ ಅವರು ಸಿಗುತ್ತಿದ್ದರು. ಸೇಡಂ ಕಡೆಯಿಂದ ಬಂದು ಅವರು ಅಲ್ಲಿ ಗಾಡಿ ಬದಲಿಸಬೇಕು. ನನ್ನ ಮನೆ ವಾಡಿಯಲ್ಲೇ. ಮೊದಮೊದಲು ಮುಖ ತಿರುಗಿಸುತ್ತಿದ್ದೆವು. ಆಮೇಲೆ ಒಂದೇ ಬೆಂಚಿನ ಮೇಲೆ ಕೂತು ಚಹಾ ಕುಡಿಯುವಷ್ಟಾದೆವು. ಹೋದ ವರ್ಷ ವಿಚಾರಣೆ ಇಲ್ಲದ ಒಂದು ದಿನ ಅವರು ನಮ್ಮ ಮನೆಗೇ ಬಂದರು.

"ಅಕ್ಕೋರ, ಕೇಸ್ ವಾಪಸ್ ತಗೊಂಡೀನ್ರಿ" ಎಂದರು.

ನನಗೆ ನಂಬಿಕೆ ಬರಲಿಲ್ಲ. "ಯಾಕ್ರಿ ಸರ್? ನಿಮ್ಮ ವಕೀಲ್ರು ಗೆಲ್ತೀವಿ ಅಂತಿದ್ರಲ್ರಿ?"

"ಗೆದ್ದು ಏನ್ ಮಾಡೋದದರಿ. ನಾವಿಬ್ರೂ ಜಗ್ಗಾಡಾಕತ್ತೀವಿ, ಜಾಗಾ ಖಾಲಿ ಬಿದ್ದದ. ನನಗಿಲ್ಲಂದ್ರ ನಿಮಗರೆ ಬರ್ಲಿ. ನಮ್ಮ ಮಂದಿಯೊಳಗ ಒಬ್ರರೆ ಅಲ್ಲಿ ಕುಂದ್ರಬೇಕಲ್ರಿ."

ನನ್ನ ತಾಯಿ ಒಳಗಿಂದ ಬಂದು ಅವರಿಗೆ ರೊಟ್ಟಿ ಬಡಿಸಿದರು. ಅವರು ತಲೆ ಎತ್ತದೆ ಉಂಡರು.

ತಡೆ ತೆರವಾಯಿತು. ಇನ್ನು ನೇಮಕದ ಆದೇಶ ಬಂದೇಬಿಟ್ಟಿತು ಎಂದುಕೊಂಡೆವು. ಬಂದದ್ದು ನಿಮ್ಮ ಹಿಂಬರಹ: ಅಧಿಸೂಚನೆ ಬಹಳ ಹಳೆಯದಾದ್ದರಿಂದ ರದ್ದಾಗಿದೆ, ಮೀಸಲಾತಿ ಹಂಚುವ ಹೊಸ ರೋಸ್ಟರಿನಲ್ಲಿ ಆ ಹುದ್ದೆ ಸಾಮಾನ್ಯ ವರ್ಗಕ್ಕೆ ಸೇರಿದೆ. ವ್ಯಾಜ್ಯ ಮುಗಿಯುವ ತನಕ ಹುದ್ದೆ ಕೊಡಲಾಗದು. ಮುಗಿದ ಮೇಲೆ ಕೊಡಲು ಹುದ್ದೆಯೇ ಇಲ್ಲ. ಅಧಿಸೂಚನೆಯನ್ನು ಹಳೆಯದಾಗಿಸಿದವರು ಯಾರು?

ಅಂಬರೇಶ ಅವರಿಗೆ ಫೋನಿನಲ್ಲಿ ಓದಿ ಹೇಳಿದೆ. "ಹಂಗಾದ್ರ ನಾ ಯಾರಿಗಿ ಬಿಟ್ಟುಕೊಟ್ಟೆ ಅಕ್ಕೋರ?" ಎಂದು ಕೇಳಿದರು. ಆ ಪ್ರಶ್ನೆಯನ್ನು ನಿಮಗೆ ದಾಟಿಸುತ್ತಿದ್ದೇನೆ.

ನನ್ನ ಬೇಡಿಕೆ ದೊಡ್ಡದೇನಲ್ಲ. ಹುದ್ದೆಯನ್ನು ಅದು ಮೀಸಲಿದ್ದ ವರ್ಗಕ್ಕೇ ಮರಳಿಸಿ. ಯಾವ ಪದವಿ ಯಾವ ವಿಷಯಕ್ಕೆ ಸಮಾನ ಎಂಬುದನ್ನು ಅರ್ಜಿ ಕರೆಯುವ ಮುಂಚೆಯೇ ಪ್ರಕಟಿಸಿ. ದಂಡೋತಿಯ ಲಕ್ಷ್ಮಿ ಎಂಬ ಹುಡುಗಿ ಪದವಿ ಮುಗಿಸಿ, "ಮೇಡಂ, ನಾನೂ ನಿಮ್ಮ ಸಬ್ಜೆಕ್ಟೇ ತಗೋಲೇನ್ರಿ?" ಎಂದು ಕೇಳಿದ್ದಾಳೆ. ಹೂಂ ಎನ್ನಲು ಧೈರ್ಯವಿಲ್ಲ, ಬೇಡ ಎನ್ನಲು ನಾಲಿಗೆ ಏಳುತ್ತಿಲ್ಲ. ಎಂ.ಎ. ಪ್ರವೇಶದ ಕೊನೆಯ ದಿನ ಹತ್ತಿರ ಬಂದಿದೆ. ಅಷ್ಟರೊಳಗೆ ನೀವೇ ಆಕೆಗೆ ಉತ್ತರ ಹೇಳಿ.

ಇಂತಿ,
ಇನ್ನೂ ನಿಮ್ಮ ಅತಿಥಿ,
ಭಾಗ್ಯಜ್ಯೋತಿ ಅಂಬಾರಾಯ
ವಾಡಿ